ರೆನಾಟೆ ಡಾಕ್ಟರಾದ ಚಳಿಗಾಲ

ಕಳೆದ ತಿಂಗಳು ರೆನಾಟೆಯನ್ನು ಕರೆದುಕೊಂಡು ಯಲ್ಲಾಪುರಕ್ಕೆ ಹೋದ ದಿನ, ಬಸ್ ನಿಲ್ದಾಣದ ಹಿಂಬದಿಯ ಗಟಾರದುದ್ದಕ್ಕೂ ಪಟ್ಟಣ ಪಂಚಾಯತಿಯವರು ಸೊಳ್ಳೆಗೆ ಹೊಗೆ ಹೊಡೆಯುತ್ತಿದ್ದರು. ಒಬ್ಬನ ಹೆಗಲಿಗೆ ನೇತುಬಿದ್ದ ಯಂತ್ರ ಭರ್ರೆಂದು ಸದ್ದು ಮಾಡುತ್ತ ದಟ್ಟ ಬಿಳಿ ಹೊಗೆಯನ್ನು ಉಗುಳುತ್ತಿತ್ತು. ಡ್ರೈವರ್ ಗಾಜು ಏರಿಸುವಷ್ಟರಲ್ಲಿ ಡೀಸೆಲ್ ವಾಸನೆ ಕಾರಿನೊಳಗೆ ಬಂದಾಗಿತ್ತು. ಹಿಂದಿನ ಸೀಟಿನಲ್ಲಿದ್ದ ರೆನಾಟೆ ಮೂಗು ಮುಚ್ಚಿಕೊಳ್ಳಲಿಲ್ಲ. “ಇದು ನಮ್ಮ ಮಂಜು” ಎಂದಳು ಜರ್ಮನ್ನಿನಲ್ಲಿ. ನಾನು ಹೌದೆಂದೆ. ಇಬ್ಬರೂ ನಗಲಿಲ್ಲ.

ನಾಲ್ಕು ವರ್ಷಗಳ ಹಿಂದೆ, ಒಂದು ಚಳಿಗಾಲ ಪೂರ್ತಿ, ಇಂಥದೇ ಯಂತ್ರದಿಂದ ಯಲ್ಲಾಪುರದ ಕಾಡಂಚಿನ ಮರಗಳ ನಡುವೆ ದಿನಾ ಬೆಳಿಗ್ಗೆ ಹೊಗೆ ಬಿಡಿಸಿ ಅದನ್ನು ಆಫ್ರಿಕಾದ ಮಂಜು ಎಂದು ಚಿತ್ರೀಕರಿಸುತ್ತಿದ್ದರು. ನಿಜವಾದ ಮಂಜು ನಮ್ಮಲ್ಲಿ ಬೇಕಾದಷ್ಟು ಬೀಳುತ್ತದೆ. ಆದರೆ ಅವರ ಕ್ಯಾಮೆರಾ ಸಜ್ಜಾಗುವ ಹೊತ್ತಿಗೆ ಅದು ಕರಗಿ, ಎಲೆಗಳಿಂದ ತೊಟ್ಟಿಕ್ಕಿ ಮುಗಿದಿರುತ್ತಿತ್ತು.

ನಾನು ಶಿರಸಿಯಲ್ಲಿರುವವಳು. ತವರು ಸಿದ್ದಾಪುರ ತಾಲೂಕಿನ ತ್ಯಾಗಲಿ. ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸುವ ಅತಿಥಿ ಉಪನ್ಯಾಸಕಿಯಾಗಿದ್ದೆ. ಆ ವರ್ಷ ನೇಮಕದ ಆದೇಶ ಬರದೆ ಮನೆಯಲ್ಲೇ ಕೂತಿದ್ದೆ. ಧಾರವಾಡದಲ್ಲಿ ಎಂ.ಎ. ಮಾಡುವಾಗ ಸಂಜೆ ತರಗತಿಗೆ ಹೋಗಿ ಎರಡು ವರ್ಷ ಜರ್ಮನ್ ಕಲಿತಿದ್ದೆ. ಯಾತಕ್ಕೆ ಎಂದು ಕೇಳಿದರೆ ಹೇಳಲು ಕಾರಣವಿರಲಿಲ್ಲ, ಭಾಷೆ ಕಲಿಯುವ ಹುಚ್ಚು ಅಷ್ಟೆ. ಹದಿನೈದು ವರ್ಷ ಯಾರೂ ಕೇಳದ ಆ ಜರ್ಮನ್ ಒಂದು ದಿನ ಫೋನಿನಲ್ಲಿ ನನ್ನನ್ನು ಹುಡುಕಿಕೊಂಡು ಬಂತು. ಜರ್ಮನಿಯ ಟಿ.ವಿ. ಧಾರಾವಾಹಿಯೊಂದರ ಚಿತ್ರೀಕರಣಕ್ಕೆ ಸ್ಥಳೀಯ ದುಭಾಷಿ ಬೇಕು, ಎರಡೂವರೆ ತಿಂಗಳ ಕೆಲಸ ಎಂದರು.

ಕತೆ ಹೀಗಿತ್ತು: ಗಂಡನನ್ನು ಕಳೆದುಕೊಂಡ ಜರ್ಮನ್ ಡಾಕ್ಟರೊಬ್ಬಳು ಆಫ್ರಿಕಾದ ಒಂದು ಹಳ್ಳಿಯ ಆಸ್ಪತ್ರೆಗೆ ಬರುತ್ತಾಳೆ. ಮೂರು ಕಂತು. ಜನ ಮೆಚ್ಚಿದರೆ ಮುಂದುವರಿಯುತ್ತದೆ. ಆಫ್ರಿಕಾಕ್ಕೆ ಹೋಗುವ ಬದಲು ಅವರು ಯಲ್ಲಾಪುರಕ್ಕೆ ಬಂದದ್ದು ಸಿದ್ದಿ ಜನರಿಗಾಗಿ. ಸಿದ್ದಿಗಳ ಹಿರಿಯರು ಶತಮಾನಗಳ ಹಿಂದೆ ಆಫ್ರಿಕಾದಿಂದ ಬಂದವರು. ಇವರು ಇಲ್ಲಿಯೇ ಹುಟ್ಟಿ, ಇಲ್ಲಿಯ ಗದ್ದೆ ಕಾಡುಗಳಲ್ಲಿ ದುಡಿದು, ಮನೆಯಲ್ಲಿ ಕೊಂಕಣಿ, ಹೊರಗೆ ಕನ್ನಡ ಆಡುವವರು. ಕಂಪನಿಗೆ ಅದೆಲ್ಲ ಬೇಕಿರಲಿಲ್ಲ. ಮೈಬಣ್ಣ ಮತ್ತು ಕೂದಲು ಸಾಕಾಗಿತ್ತು.

ಆಸ್ಪತ್ರೆ ಮಾಡಿಕೊಂಡದ್ದು ಮಕ್ಕಳಿಲ್ಲದೆ ಮುಚ್ಚಿದ್ದ ಒಂದು ಶಾಲೆಯನ್ನು. ಗೋಡೆಯ ಮೇಲೆ ಬರೆದಿದ್ದ ಅ ಆ ಇ ಈ ಮತ್ತು ಕರ್ನಾಟಕದ ನಕಾಶೆಗೆ ಸುಣ್ಣ ಬಳಿದು, ಅರ್ಥವಾಗದ ಭಾಷೆಯ ಬೋರ್ಡುಗಳನ್ನು ತೂಗುಹಾಕಿದರು. ಅದನ್ನು ನೋಡುತ್ತ ನಿಂತಿದ್ದ ಹೆಂಗಸೊಬ್ಬಳು ನನ್ನ ಪಕ್ಕಕ್ಕೆ ಬಂದು, “ಅಕ್ಕ, ನಾನು ನಾಲ್ಕನೇ ಇಯತ್ತೆವರೆಗೆ ಓದಿದ್ದು ಇಲ್ಲೇ. ಆ ಋ ಅಕ್ಷರದ ಬಾಲ ಬರೀಲಿಕ್ಕೆ ಬರ್ದೆ ಎಷ್ಟು ಪೆಟ್ಟು ತಿಂದಿದ್ದೆ” ಎಂದಳು. ಅವಳೇ ಸುಶೀಲಾ. ಮೂವತ್ತರ ವಯಸ್ಸು, ಎತ್ತರದ ಆಳು, ಬಾಲವಾಡಿಯಲ್ಲಿ ಮಕ್ಕಳನ್ನು ನೋಡಿಕೊಳ್ಳುತ್ತಿದ್ದಳು. ಮದುವೆಗೆ ಮುಂಚೆ ಎರಡು ವರ್ಷ ಒಂದು ನಾಟಕ ತಂಡದ ಜೊತೆ ತಿರುಗಿದ್ದಳಂತೆ.

“ಎಂತೆಂತ ಪಾರ್ಟು ಮಾಡಿದ್ದೆ?” ಎಂದು ಕೇಳಿದೆ.

“ಎಂತ ಮಾಡೂದು ಅಕ್ಕ, ದಾಸಿ, ಕಾಡಿನವಳು, ಇನ್ನೊಂದ್ಸಲ ಮಾಟ ಮಾಡುವವಳು. ರಾಣಿ ಪಾರ್ಟು ಎಲ್ಲ ನಂಗೆ ಬಾಯಿಪಾಠ ಇತ್ತು. ಯಾರೂ ಕೇಳಲೇ ಇಲ್ಲ.”

ಆಯ್ಕೆಯ ದಿನ ನಿರ್ದೇಶಕನ ಮುಂದೆ ಅವಳು ಆ ರಾಣಿಯ ಮಾತುಗಳನ್ನೇ ಹೇಳಿದಳು. ನಿರ್ದೇಶಕ ಮೂವತ್ತೈದರ ಹುಡುಗ, ಒಂದು ಶಬ್ದವೂ ತಿಳಿಯದಿದ್ದರೂ ಕುರ್ಚಿಯಿಂದ ಎದ್ದು ನಿಂತ. ಡಾಕ್ಟರಳ ಬಲಗೈಯಾದ ನರ್ಸಿನ ಪಾತ್ರ ಅವಳಿಗೆ ಸಿಕ್ಕಿತು. ಹೂಬಳ್ಳಿಯ ಮುದ್ರೆಯ ದಪ್ಪ ಬಟ್ಟೆಯನ್ನು ಮೈಗೆ, ತಲೆಗೆ ಸುತ್ತಿ ಅವಳನ್ನು ನಿಲ್ಲಿಸಿದಾಗ ಅವಳು ನನ್ನನ್ನು ಕರೆದು ಮೆಲ್ಲಗೆ ಹೇಳಿದಳು: “ಕೇಳಿ ಅಕ್ಕ, ನಾವು ಯಾವ ದೇಶದವ್ರು ಅಂತೆ?”

ಕೇಳಿದೆ. ದೇಶಕ್ಕೆ ಹೆಸರಿಲ್ಲ ಎಂದ ನಿರ್ದೇಶಕ. ಹಾಗಾದರೆ ಯಾವ ಭಾಷೆ ಆಡಬೇಕು? ಅವಳದೇ ಭಾಷೆ ಆಡಲಿ, ಕೇಳಲು ಚೆನ್ನಾಗಿದೆ, ಅರ್ಥ ಯಾರಿಗೂ ಬೇಕಿಲ್ಲ ಎಂದ. ಅದನ್ನು ನಾನು ಹಾಗೇ ಹೇಳಲಿಲ್ಲ. “ಕನ್ನಡದಲ್ಲೇ ಮಾತಾಡಬಹುದಂತೆ” ಎಂದೆ. ಅವಳ ಮುಖ ಅರಳಿತು. ದುಭಾಷಿಯ ಕೆಲಸದಲ್ಲಿ ನನ್ನ ಮೊದಲ ಕತ್ತರಿ ಅದು. ಒಳ್ಳೆಯದಕ್ಕೇ ಮಾಡಿದೆ ಎಂದುಕೊಂಡಿದ್ದೆ.

“ಶಾಲೆಗೆ ಹೋಗುವಾಗ ಪೇಟೆ ಹುಡುಗರು ಆಫ್ರಿಕಾ ಆಫ್ರಿಕಾ ಅಂತ ಕೂಗ್ತಿದ್ರು. ಅಳ್ತಾ ಮನೆಗೆ ಬರ್ತಿದ್ದೆ” ಎಂದಳು ಸುಶೀಲಾ ಸೆರಗಿಲ್ಲದ ಆ ಉಡುಪನ್ನು ಸರಿಮಾಡಿಕೊಳ್ಳುತ್ತ. “ಈಗ ನೋಡಿ, ಅದಕ್ಕೇ ಕರ್ದು ಕೆಲಸ ಕೊಟ್ಟಿದ್ದಾರೆ.”

ರೆನಾಟೆ ಬಂದದ್ದು ಅದಾಗಿ ಒಂದು ವಾರಕ್ಕೆ. ಅವಳಿಗೆ ಐವತ್ತನಾಲ್ಕು. ನಮ್ಮಲ್ಲಾದರೆ ಆ ವಯಸ್ಸಿನವರನ್ನು ಏಕವಚನದಲ್ಲಿ ಮಾತಾಡಿಸುತ್ತಿರಲಿಲ್ಲ. ಮೊದಲ ದಿನವೇ ಹೆಸರು ಹಿಡಿದು ಕರೆ ಎಂದಳು, ಅದು ಹಾಗೇ ಉಳಿಯಿತು. ಯೂನಿಟ್ಟಿನ ಸಿದ್ದಿ ಹೆಂಗಸರು ಮಾತ್ರ ಅವಳನ್ನು ರೇಣಕ್ಕ ಮಾಡಿಕೊಂಡರು. ಅವಳು ಶಿರಸಿಯಲ್ಲಿ ಉಳಿದುಕೊಂಡಿದ್ದಳು. ದಿನವೂ ಬೆಳಿಗ್ಗೆ ಅವಳ ಜೊತೆ ಒಂದೇ ಕಾರಿನಲ್ಲಿ ಹೋಗುವುದು, ಸಂಜೆ ಬರುವುದು ನನ್ನ ಕೆಲಸ. ಭೈರುಂಬೆಯ ತಿರುವು ದಾಟುವವರೆಗೆ ಅವಳು ಬಾಯಿ ತೆರೆಯುತ್ತಿರಲಿಲ್ಲ. ಗಂಟಲನ್ನು ಬಿಸಿನೀರಿನಿಂದ ಸಡಿಲಿಸಿಕೊಂಡು, ಆಮೇಲೆ ಸ್ವರ ಹಚ್ಚುವವರ ಹಾಗೆ ಗುನುಗುತ್ತಿದ್ದಳು. ಅದು ಮುಗಿದ ಮೇಲೆ ಕತೆ.

ಅವಳ ಅಪ್ಪ ಸಣ್ಣ ಊರೊಂದರ ಬ್ರೆಡ್ ಭಟ್ಟಿಯವನು. ಹತ್ತೊಂಬತ್ತಕ್ಕೆ ಅವಳು ರಂಗಭೂಮಿ ಸೇರಿದಳು. ಇಪ್ಪತ್ತೆರಡಕ್ಕೆ ಮೊದಲ ಸಿನಿಮಾ. ಅದರಲ್ಲಿ ಅವಳು ಸಮುದ್ರದ ದಂಡೆಯಲ್ಲಿ ಓಡುವ ಒಂದು ದೃಶ್ಯದ ಚಿತ್ರವನ್ನು ಊರೂರಿನ ಗೋಡೆಗಳಿಗೆ ಅಂಟಿಸಿದ್ದರಂತೆ. “ಆಮೇಲೆ ಐದು ವರ್ಷ ನಾನು ಓಡುತ್ತಲೇ ಇದ್ದೆ. ದಂಡೆಯಲ್ಲಿ, ಹುಲ್ಲುಗಾವಲಲ್ಲಿ, ರೈಲು ನಿಲ್ದಾಣದಲ್ಲಿ. ನಿಂತು ಮಾತಾಡುವ ಪಾತ್ರ ಕೊಡಿ ಎಂದು ಕೇಳಿದೆ. ಕೊಟ್ಟರು, ಟಿ.ವಿ.ಯಲ್ಲಿ.” ಪೊಲೀಸ್ ಧಾರಾವಾಹಿಯೊಂದರಲ್ಲಿ ಇನ್ಸ್‌ಪೆಕ್ಟರನ ಜೊತೆಗಾತಿಯಾಗಿ ಎಂಟು ವರ್ಷ ಕೆಲಸ ಮಾಡಿದಳು. ಬೀದಿಯಲ್ಲಿ ಜನ ಅವಳನ್ನು ನಿಲ್ಲಿಸಿ, ಕಳುವಾದ ಸೈಕಲ್ಲಿನ ದೂರು ಹೇಳುತ್ತಿದ್ದರಂತೆ. ಅವಳಿಗೆ ನಲವತ್ತಾದ ವರ್ಷ ಇನ್ಸ್‌ಪೆಕ್ಟರನಿಗೆ ಹೊಸ ಜೊತೆಗಾತಿ ಬಂದಳು, ಇಪ್ಪತ್ತೇಳರವಳು. ಇನ್ಸ್‌ಪೆಕ್ಟರ್ ಮಾತ್ರ ಐವತ್ತೈದರಲ್ಲೂ ಅವನೇ.

“ಅಲ್ಲಿಂದ ನಾನು ತಾಯಿ. ಕೊಲೆಯಾದ ಹುಡುಗಿಯ ತಾಯಿ. ಬಾಗಿಲು ತೆರೆಯುತ್ತೇನೆ, ಪೊಲೀಸರು ನಿಂತಿರುತ್ತಾರೆ, ನಾನು ಅಳುತ್ತೇನೆ. ನನ್ನ ಮಗಳು ಹನ್ನೊಂದು ಸಲ ಕೊಲೆಯಾಗಿದ್ದಾಳೆ, ಗೊತ್ತಾ? ಪ್ರತಿ ಸಲವೂ ಬೇರೆ ಥರ ಅತ್ತಿದ್ದೇನೆ. ಯಾರೂ ಗಮನಿಸಿಲ್ಲ.” ಹೇಳಿ ನಕ್ಕಳು. ಅವಳಿಗೆ ಮಕ್ಕಳಿರಲಿಲ್ಲ. ಒಬ್ಬಾತನ ಜೊತೆ ಹತ್ತು ವರ್ಷ ಇದ್ದು ಬೇರೆಯಾಗಿದ್ದಳು.

ಈ ಡಾಕ್ಟರ್ ಪಾತ್ರ ಅವಳಿಗೆ ಹದಿನಾಲ್ಕು ವರ್ಷಗಳ ಮೇಲೆ ಸಿಕ್ಕ ಮುಖ್ಯ ಪಾತ್ರ. ಮೂರು ಕಂತುಗಳು ಗೆದ್ದರೆ ಇನ್ನು ಐದಾರು ವರ್ಷ ಉಸಿರಾಡಬಹುದು, ಇಲ್ಲದಿದ್ದರೆ ಅಜ್ಜಿಯ ಪಾತ್ರಗಳು ಕಾದಿವೆ ಎನ್ನುತ್ತಿದ್ದಳು. ಆಫ್ರಿಕಾ ಎಂದು ಯಲ್ಲಾಪುರವನ್ನು ತೋರಿಸುವುದು ಸರಿಯೇ ಎಂದು ನಾನು ಒಮ್ಮೆ ಕೇಳಿದ್ದಕ್ಕೆ, “ಸರಿಯಲ್ಲ. ಆದರೆ ಇದು ಬಿಟ್ಟರೆ ನನಗೆ ಮತ್ತೇನಿದೆ?” ಎಂದು ಕಿಟಕಿಯ ಕಡೆ ತಿರುಗಿದಳು. ಅವತ್ತು ಅವಳ ಪ್ರಾಮಾಣಿಕತೆಗೆ ಸೋತೆ. ಇವತ್ತು ಅನ್ನಿಸುತ್ತದೆ, ಎಲ್ಲಕ್ಕೂ ಸಾಲುವ ನೆಪವನ್ನು ಅವಳು ಆ ದಿನವೇ ಹೇಳಿಬಿಟ್ಟಿದ್ದಳು.

ಸುಶೀಲಾಳನ್ನು ಅವಳು ಹಚ್ಚಿಕೊಂಡ ರೀತಿ ಸುಳ್ಳಲ್ಲ. ಮಧ್ಯಾಹ್ನ ಊಟದ ಬಿಡುವಿನಲ್ಲಿ ಶಾಲೆಯ ಜಗುಲಿಯ ಮೇಲೆ ಇಬ್ಬರೂ ಎದುರುಬದುರು ಕೂರುತ್ತಿದ್ದರು, ನಡುವೆ ನಾನು. ನಾಟಕದಲ್ಲಿ ಕೊನೆಯ ಸಾಲಿನವನಿಗೂ ಕೇಳುವಂತೆ ಕೂಗಿ ಕಲಿತವಳು ಸುಶೀಲಾ. ರೆನಾಟೆ ಅವಳ ಗಲ್ಲ ಹಿಡಿದು, “ಕ್ಯಾಮೆರಾ ನಿನ್ನ ಮೂಗಿನ ತುದಿಯಲ್ಲೇ ಕೂತಿದೆ. ಅದಕ್ಕೆ ಕಿವಿಮಾತು ಹೇಳು” ಎನ್ನುತ್ತಿದ್ದಳು. ಸುಶೀಲಾ ಬೇಗ ಕಲಿತಳು. ಕೈ ಕಡಿಮೆ ಆಡಿಸುವುದು, ಸುಮ್ಮನಿರುವುದು, ಮಾತಿಗೆ ಮುಂಚೆ ಒಂದು ಉಸಿರು ತಡೆಯುವುದು. ಒಂದು ತಿಂಗಳಾಗುವಷ್ಟರಲ್ಲಿ ರೆನಾಟೆ ನನ್ನ ಹತ್ತಿರ, “ಇವಳಿಗೆ ಇದು ಹುಟ್ಟಿನಿಂದ ಬಂದಿದೆ. ನಾನು ಮೂವತ್ತು ವರ್ಷ ಬೆವರು ಹರಿಸಿದ್ದೇನೆ” ಎಂದಳು. ಆ ಮಾತಿನಲ್ಲಿ ಅವತ್ತು ಬರೀ ಮೆಚ್ಚುಗೆ ಕಂಡಿತ್ತು ನನಗೆ.

ನನ್ನ ಮೇಲೂ ಅವಳಿಗೆ ಪ್ರೀತಿ. ನನ್ನ ಜರ್ಮನ್ ತಿದ್ದುತ್ತಿದ್ದಳು. ಜರ್ಮನ್ ಕಲಿಸುವ ಶಿಕ್ಷಕರಿಗೆ ಅವಳ ಊರಿನಲ್ಲೊಂದು ತರಬೇತಿಯಿದೆ, ಪರಿಚಯದವರಿದ್ದಾರೆ, ಶಿಫಾರಸು ಪತ್ರ ಬರೆದುಕೊಡುತ್ತೇನೆ ಎಂದಿದ್ದಳು. ವರ್ಷ ವರ್ಷ ನೇಮಕದ ಆದೇಶಕ್ಕೆ ಕಾದು ಕೂರುವ ನನ್ನಂಥವಳಿಗೆ ಅದೆಂಥ ಆಸೆ ಎಂಬುದು, ಹಾಗೆ ಕಾದವರಿಗೇ ಗೊತ್ತು.

ಜನವರಿಯ ಮೊದಲ ವಾರದಲ್ಲಿ ದೊಡ್ಡ ದೃಶ್ಯ ಬಂತು. ಡಾಕ್ಟರು ಸೋತು ತನ್ನ ದೇಶಕ್ಕೆ ಹೊರಟಿದ್ದಾಳೆ. ನರ್ಸಿನ ಮನೆಯಲ್ಲಿ ಸಾವಾಗಿದೆ. ನರ್ಸು ಅವಳನ್ನು ತಡೆದು ಮಾತಾಡುತ್ತಾಳೆ. ಡಾಕ್ಟರಿಗೆ ಭಾಷೆ ತಿಳಿಯದಿದ್ದರೂ ಸಂಕಟ ತಿಳಿದು, ಉಳಿಯಲು ನಿರ್ಧರಿಸುತ್ತಾಳೆ. ನರ್ಸಿಗೆ ಬರೆದ ಮಾತಿಲ್ಲ. ಒಂದೂವರೆ ನಿಮಿಷ ಏನಾದರೂ ಹೇಳಲಿ ಎಂದು ನಿರ್ದೇಶಕ ಬಿಟ್ಟಿದ್ದ.

“ಎಂತ ಹೇಳ್ತೆ?” ಎಂದು ಸುಶೀಲಾಳನ್ನು ಕೇಳಿದೆ.

“ನಂಗೆ ಹೇಳೂದು ಉಂಟು ಅಕ್ಕ” ಎಂದಳು ಅಷ್ಟೆ.

ಕ್ಯಾಮೆರಾ ಓಡಿತು. ಸುಶೀಲಾ ಬಾಗಿಲಿಗೆ ಅಡ್ಡ ನಿಂತು, ಒಂದು ಗಳಿಗೆ ಸುಮ್ಮನಿದ್ದು, ತಗ್ಗಿದ ದನಿಯಲ್ಲಿ ಶುರುಮಾಡಿದಳು. ಅದು ಕತೆಯ ಮಾತಲ್ಲ. ಅವಳ ಸ್ವಂತ ಅಕ್ಕ, ಮಳೆಗಾಲದಲ್ಲಿ, ಹೆರಿಗೆ ನೋವಿನಲ್ಲಿ, ಬರುತ್ತದೆ ಎಂದ ಜೀಪಿಗೆ ಕಾಯುತ್ತ ರಸ್ತೆಯ ಬದಿಯಲ್ಲೇ ಸತ್ತುಹೋಗಿದ್ದಳು.

“ಬಂತೇನೇ ಅಂತ ಕೇಳಿದ್ಲು ಅಕ್ಕ. ಬಂತು, ದೀಪ ಕಾಣ್ತಾ ಉಂಟು ಅಂದೆ. ಎಂತದೂ ಬಂದಿರಲಿಲ್ಲ. ಕಣ್ಣು ಬಿಟ್ಟು ನೋಡ್ಲಿಕ್ಕೆ ಅವಳಿಗೆ ತ್ರಾಣ ಇರಲಿಲ್ಲ, ಅದಕ್ಕೇ ಅಂದೆ. ನಾನು ಅವಳ ಹತ್ರ ಆಡಿದ ಕಡೇ ಮಾತು ಅದು. ನೀವಾದ್ರೂ ಹೋಗ್ತೆ ಅಂತ ನನ್ನ ಮುಖ ನೋಡಿ ಹೇಳಿ.”

ಅಲ್ಲಿದ್ದ ನಲವತ್ತು ಜನರಲ್ಲಿ ಆ ಮಾತು ತಿಳಿದದ್ದು ನನಗೂ, ಹೊರಗೆ ನಿಂತ ಸಿದ್ದಿ ಹೆಂಗಸರಿಗೂ ಮಾತ್ರ. ಆದರೂ ಧ್ವನಿ ಹಿಡಿಯುವವನು ಕಿವಿಯ ಮೇಲಿನ ಹೆಡ್‌ಫೋನ್ ತೆಗೆದು ಕೈಯಲ್ಲಿ ಹಿಡಿದುಕೊಂಡಿದ್ದ. ರೆನಾಟೆ ಹೇಳಬೇಕಾದ ಮಾತನ್ನೇ ಮರೆತು ನಿಂತಳು. ಅವಳ ಕಣ್ಣಿನಿಂದ ನೀರು ಇಳಿಯಿತು. ನಿರ್ದೇಶಕ ಕಟ್ ಎನ್ನಲು ಬಹಳ ಹೊತ್ತು ಹಿಡಿಯಿತು. ಆಮೇಲೆ ಎಲ್ಲರೂ ಚಪ್ಪಾಳೆ ತಟ್ಟಿದರು. ಸುಶೀಲಾಳ ಕಡೆ ತಿರುಗಿ ತಟ್ಟಿದರು.

ರೆನಾಟೆ ಅವಳನ್ನು ಅಪ್ಪಿಕೊಂಡಳು. ಆಮೇಲೆ ಯಾರನ್ನೂ ನೋಡದೆ ಮೇಕಪ್ ಕೋಣೆಗೆ ಹೋದಳು. ನಿರ್ದೇಶಕನನ್ನು ಕರೆಸಿದಳು. ಅವಳ ನೀರಿನ ಬಾಟಲಿ ಹಿಡಿದು ನಾನೂ ಹಿಂದೆಯೇ ಹೋಗಿದ್ದೆ. ಬಾಗಿಲ ಬಳಿ ನಿಂತವಳನ್ನು ಇಬ್ಬರೂ ಗಮನಿಸಲಿಲ್ಲ.

“ಹೀಗೇ ಹೋದರೆ ನನ್ನನ್ನು ಯಾರೂ ನೋಡುವುದಿಲ್ಲ” ಎಂದಳು ರೆನಾಟೆ. ದನಿ ಏರಿರಲಿಲ್ಲ. “ಜನ ಆ ಹೆಂಗಸನ್ನು ನೋಡುತ್ತಾರೆ. ಮೂರು ಕಂತು ಆದ ಮೇಲೆ ಅವರು ಕೇಳುವುದು ಅವಳನ್ನು. ಇದು ಯಾರ ಧಾರಾವಾಹಿ?”

“ಅದ್ಭುತವಾಗಿ ಬಂದಿದೆ ರೆನಾಟೆ. ನೀನೂ ಅದ್ಭುತ.”

“ನಾನು ಮಾತು ಮರೆತೆ. ಅದು ಅದ್ಭುತವಲ್ಲ. ಕ್ಯಾಮೆರಾವನ್ನು ಅವಳ ಬೆನ್ನಿನ ಹಿಂದೆ ಇಡು. ನನ್ನ ಮುಖ ಸಾಕು. ಇಲ್ಲದಿದ್ದರೆ ನಾಳೆ ನಾನು ಬರುವುದಿಲ್ಲ.”

 ನಿರ್ದೇಶಕನಿಗೂ ಮುಂದಿನ ಕೆಲಸ ಬೇಕಿತ್ತು. ಸರಿ ಎಂದು ಹೊರಟವನು ಬಾಗಿಲಲ್ಲಿ ನನ್ನನ್ನು ಕಂಡು, ಬೆಳಕಿನ ತೊಂದರೆ ಎಂದು ಸುಶೀಲಾಳಿಗೆ ಹೇಳಿ ಎಂದ. ರೆನಾಟೆ ಕನ್ನಡಿಯೊಳಗಿಂದ ನನ್ನನ್ನು ನೋಡಿದಳು. ಎದ್ದು ಬಂದು ನನ್ನ ಕೈಯಿಂದ ಬಾಟಲಿ ತೆಗೆದುಕೊಂಡಳು. “ನಿನಗೆ ಅರ್ಥವಾಗುತ್ತದೆ. ನೀನೂ ಕಾದವಳೇ ಅಲ್ಲವೇ?” ಎಂದಳು. ಅದು ಬೇಡಿಕೆಯೋ, ಪತ್ರದ ನೆನಪು ಮಾಡಿದ್ದೋ, ನಾನು ಬಿಡಿಸಿ ನೋಡಲು ಹೋಗಲಿಲ್ಲ.

ಸುಶೀಲಾ ಜಗುಲಿಯ ಮೆಟ್ಟಿಲ ಮೇಲೆ ಕೂತು ನೀರು ಕುಡಿಯುತ್ತಿದ್ದಳು. ಮುಖ ತೊಳೆದು ಹಗುರಾದವಳಂತಿದ್ದಳು. “ಹೆಂಗಾತು ಅಕ್ಕ?”

“ಚಲೋ ಆಯ್ತು. ಆದರೆ ಬೆಳಕು ಸರಿ ಬಂದಿಲ್ಲವಂತೆ. ಇನ್ನೊಮ್ಮೆ ಮಾಡಬೇಕಂತೆ. ಈ ಸಲ ಕ್ಯಾಮೆರಾ ನಿನ್ನ ಹಿಂದಿನಿಂದ.”

“ಹಿಂದಿನಿಂದ ಎಂತಕ್ಕೆ?”

“ಬೆಳಕು ಆ ಕಡೆಯಿಂದ ಬರ್ತದಲ್ಲ, ಅದಕ್ಕೆ.”

ಅವಳು ಸೂರ್ಯನ ಕಡೆ ಒಮ್ಮೆ ನೋಡಿ ಎದ್ದಳು. ನಂಬಿದಳು. ನಾನು ಹೇಳಿದೆನೆಂದು ನಂಬಿದಳು. ಮೂರು ಸಲ ಮಾಡಿಸಿದರು. ಪ್ರತಿ ಸಲವೂ ಅವಳು ಅಕ್ಕನ ಮಾತನ್ನೇ ಹೇಳಿದಳು. ಮೂರನೆಯ ಸಲ ದನಿ ಬತ್ತಿಹೋಗಿತ್ತು. ಬಟ್ಟೆ ಬದಲಿಸಿಕೊಂಡು ಮನೆಗೆ ಹೊರಡುವಾಗ ನನ್ನ ಹತ್ತಿರ ಬಂದು, “ಒಂದೇ ದಿನ ನಾಕು ಸಲ ಅಕ್ಕನ್ನ ಸಾಯಿಸಿದ ಹಂಗಾತು. ಬಾಯೆಲ್ಲ ಕಹಿ” ಎಂದಳು.

ಆ ಭಾನುವಾರ ತ್ಯಾಗಲಿಗೆ ಹೋದೆ. ಆಯಿ, ಅಂದರೆ ನನ್ನ ಅಮ್ಮ, ಬಡಿಸಿದ್ದು ಬಾಳೆಲೆಯಲ್ಲೇ ಉಳಿಯಿತು. ಅವಳು ಎದುರು ಕೂತು ಬಿಡದೆ ಕೇಳಿದಳು. ಎಲ್ಲವನ್ನೂ ಹೇಳಿದೆ. ಆಯಿ ಸುಶೀಲಾಳನ್ನು ಒಮ್ಮೆ ನೋಡಿದ್ದಳು. ಶಿರಸಿಯ ನನ್ನ ಮನೆಗೆ ಅವಳು ಬಂದಾಗ ಇಬ್ಬರೂ ಉಪ್ಪಿನಕಾಯಿ ಮಿಡಿಯ ಬಗ್ಗೆ ಒಂದು ಗಂಟೆ ಮಾತಾಡಿದ್ದರು.

“ಸುಶೀಲಾಗೆ ಹೇಳಿಬಿಡು ಕೂಸೆ” ಎಂದಳು ಆಯಿ. “ನಿನ್ನ ಬಾಯಿಂದ ಗೊತ್ತಾದ್ರೆ ಬೈದು ಸುಮ್ನಾಗ್ತು. ತಾನೇ ಕಂಡ್ಕಂಡ್ರೆ ಕ್ಷಮಿಸ್ತಿಲ್ಲೆ.”

“ಆನು ಹೇಳ್ತೆ ಆಯಿ. ಶೂಟಿಂಗ್ ಒಂದು ಮುಗೀಲಿ.”

“ಎಂತಕ್ಕೆ ಮುಗಿಯವು? ಪತ್ರ ಕೈಗೆ ಬರವು ಹೇಳಿ ಅಲ್ದಾ?”

ಎದ್ದು ಕೈ ತೊಳೆದೆ.  ಶೂಟಿಂಗ್ ಮುಗಿಯಿತು, ಪತ್ರ ಕೈಗೆ ಬಂತು, ನಾನು ಹೇಳಲಿಲ್ಲ. ಕೊನೆಯ ದಿನ ರೆನಾಟೆ ತನ್ನ ರೇಷ್ಮೆಯ ಕೊರಳವಸ್ತ್ರವನ್ನು ಸುಶೀಲಾಳಿಗೆ ಕೊಟ್ಟಳು. ಸುಶೀಲಾ ಅವಳಿಗೆ ತಾನೇ ಹೊಲಿದ ಕೌದಿ ಕೊಟ್ಟಳು, ಹಳೆಯ ಸೀರೆಯ ತುಂಡುಗಳನ್ನು ಸೇರಿಸಿ ಸಿದ್ದಿ ಹೆಂಗಸರು ಹೊಲಿಯುವ ದಪ್ಪ ಹೊದಿಕೆ. ತಿಂಗಳುಗಟ್ಟಲೆ ಹಿಡಿಯುವ ಕೆಲಸ ಅದು. ರೆನಾಟೆ ಅದನ್ನು ಎದೆಗೊತ್ತಿಕೊಂಡು ನಿಂತಿದ್ದ ಫೋಟೋ ನನ್ನ ಹತ್ತಿರ ಈಗಲೂ ಇದೆ. ತೆಗೆದವಳು ನಾನೇ.

ಮುಂದಿನ ದಸರೆಯ ಹೊತ್ತಿಗೆ ಧಾರಾವಾಹಿ ಜರ್ಮನಿಯಲ್ಲಿ ಪ್ರಸಾರವಾಗಿ, ನನಗೆ ಲಿಂಕ್ ಬಂತು. ನಾನು ಆಗಷ್ಟೇ ತರಬೇತಿ ಮುಗಿಸಿ ಬಂದಿದ್ದೆ. ಶಿರಸಿಯಲ್ಲೇ ಕೂತು, ಜರ್ಮನಿಯ ಆಸ್ಪತ್ರೆಗಳಿಗೆ ಹೋಗುವ ನರ್ಸುಗಳಿಗೆ ಆನ್‌ಲೈನಿನಲ್ಲಿ ಜರ್ಮನ್ ಕಲಿಸಲು ಶುರುಮಾಡಿದ್ದೆ. ಇವತ್ತಿಗೂ ನನ್ನ ಉದ್ಯೋಗ ಅದೇ. ಲಿಂಕನ್ನು ನಾನೊಬ್ಬಳೇ ಮೊದಲು ನೋಡಿದೆ. ನೋಡಿದ ಮೇಲೆ ಎರಡು ವಾರ ಸುಶೀಲಾಳ ಫೋನ್ ತೆಗೆದುಕೊಳ್ಳಲಿಲ್ಲ. ಆಮೇಲೆ ಅವಳೇ ಬಸ್ಸು ಹತ್ತಿ ಬಂದಳು, ಅವ್ವನನ್ನೂ ಗಂಡನನ್ನೂ ಕರೆದುಕೊಂಡು. ಮೂವರೂ ಹಬ್ಬದ ಬಟ್ಟೆ ಉಟ್ಟಿದ್ದರು. ಗಂಡನ ಕೈಯಲ್ಲಿ ಸಿಹಿಯ ಪೊಟ್ಟಣ.

ಲ್ಯಾಪ್‌ಟಾಪನ್ನು ಮೇಜಿನ ಮೇಲಿಟ್ಟು ಹಚ್ಚಿದೆ. ಮೊದಲೆರಡು ಕಂತುಗಳಲ್ಲಿ ಅವಳು ಅಲ್ಲಲ್ಲಿ ಇದ್ದಳು, ಟ್ರೇ ಹಿಡಿದು ಹೋಗುವಾಗ, ಬಾಗಿಲು ತೆರೆಯುವಾಗ. ಅವ್ವ ಪ್ರತಿ ಸಲವೂ ಬೆರಳು ಮಾಡಿ ತೋರಿಸಿದಳು. ಮೂರನೆಯದರಲ್ಲಿ ಆ ದೃಶ್ಯ ಬಂತು. ಪರದೆಯ ಒಂದು ಅಂಚಿನಲ್ಲಿ ಸುಶೀಲಾಳ ಕುತ್ತಿಗೆ, ಹೆಗಲು. ಉಳಿದ ಪರದೆಯ ತುಂಬ ರೆನಾಟೆಯ ಮುಖ. ಅವಳು ತುಟಿ ಕಚ್ಚಿ, ನಿಧಾನವಾಗಿ, ಬಹಳ ಚೆನ್ನಾಗಿ ಅತ್ತಳು. ಮಾತು ಕೇಳಿಸುತ್ತಿತ್ತು, ಆದರೆ ಅದು ಸುಶೀಲಾಳ ದನಿಯಲ್ಲ, ಕನ್ನಡವೂ ಅಲ್ಲ. ಬೇರೆ ಯಾವುದೋ ಹೆಂಗಸಿನ ದನಿ, ಯಾವುದೋ ಭಾಷೆ.

“ಇದು ಯಾರು ಮಾತಾಡೂದು?” ಎಂದಳು ಅವ್ವ.

 ಮುಗಿದ ಮೇಲೆ ಸುಶೀಲಾ ಅದೊಂದನ್ನು ಮತ್ತೆ ಹಚ್ಚಿ ಎಂದಳು. ಹಚ್ಚಿದೆ. ಈ ಸಲ ಅವಳು ತನ್ನನ್ನು ನೋಡಲಿಲ್ಲ. ಕಿಟಕಿ, ಗೋಡೆ, ನೆಲ ನೋಡಿದಳು.

“ಬೆಳಕು ಚಲೋ ಇತ್ತಲ್ಲ ಅಕ್ಕ.”

ನಾನು ಲ್ಯಾಪ್‌ಟಾಪ್ ಮುಚ್ಚಿದೆ.

“ನಿಮಗೆ ಅವತ್ತೇ ಗೊತ್ತಿತ್ತಾ?”

“ಗೊತ್ತಿತ್ತು.”

ಅವಳು ಬೈಯಲಿಲ್ಲ. ಬೈದಿದ್ದರೆ ನಾನು ಇಷ್ಟು ವರ್ಷ ಇದನ್ನು ಹೊತ್ತುಕೊಂಡು ತಿರುಗುತ್ತಿರಲಿಲ್ಲವೇನೋ. ಅವ್ವನ ಕೈಹಿಡಿದು ಎಬ್ಬಿಸಿದಳು. ಒಲೆಯ ಮೇಲೆ ಚಹಾ ಕುದಿಯುತ್ತಿತ್ತು. ಕುಡಿಯದೆ ಹೋದರು. ಸಿಹಿಯ ಪೊಟ್ಟಣವನ್ನು ಗಂಡ ಮೇಜಿನ ಮೇಲೇ ಬಿಟ್ಟುಹೋಗಿದ್ದ. ಅದನ್ನು ಏನು ಮಾಡಬೇಕೆಂದು ತಿಳಿಯದೆ ಮೂರು ದಿನ ಅಲ್ಲೇ ಇಟ್ಟಿದ್ದೆ.

ರೆನಾಟೆ ಬಯಸಿದ್ದೂ ಆಗಲಿಲ್ಲ. ಧಾರಾವಾಹಿ ಮುಂದುವರಿಯಿತು, ಆದರೆ ಮೂವತ್ತರ ಹೊಸ ಡಾಕ್ಟರಳನ್ನು ತಂದುಕೊಂಡು, ಮತ್ತೆ ಯಾವುದೋ ಬೇರೆ ದೇಶದಲ್ಲಿ. ರೆನಾಟೆಯ ಡಾಕ್ಟರು ವಿಮಾನ ಅಪಘಾತದಲ್ಲಿ ತೀರಿಕೊಂಡಳೆಂದು ಮೊದಲ ಕಂತಿನಲ್ಲಿ ಯಾರೋ ಒಬ್ಬರು ಯಾರೋ ಇನ್ನೊಬ್ಬರಿಗೆ ಹೇಳುತ್ತಾರಂತೆ. “ಒಂದೇ ವಾಕ್ಯದಲ್ಲಿ” ಎಂದು ಅವಳು ನನಗೆ ಬರೆದಳು. “ಅಡುಗೆಮನೆಯಲ್ಲಿ ಕಾಫಿ ಕುಡಿಯುತ್ತ ಹೇಳುತ್ತಾರೆ. ಮೂವತ್ತೈದು ವರ್ಷ ಅಭಿನಯಿಸಿದೆ. ನನ್ನ ಸಾವಿಗೆ ನನ್ನನ್ನೇ ಕರೆಯಲಿಲ್ಲ.” ಆಮೇಲೆ ಎರಡು ಅಜ್ಜಿ ಪಾತ್ರ, ಮಂಡಿನೋವಿನ ಮುಲಾಮಿನ ಒಂದು ಜಾಹೀರಾತು. ಆಮೇಲೆ ಏನೂ ಇಲ್ಲ. ಪ್ರತಿ ಪತ್ರದ ಕೊನೆಯಲ್ಲೂ ಸುಶೀಲಾ ಹೇಗಿದ್ದಾಳೆ ಎಂದು ಕೇಳುತ್ತಿದ್ದಳು. ಚೆನ್ನಾಗಿದ್ದಾಳೆ ಎಂದು ಬರೆಯುತ್ತಿದ್ದೆ. ನನಗೇನು ಗೊತ್ತಿತ್ತು?

ಈ ವರ್ಷ ಅವಳೇ ಹೊರಟು ಬಂದಳು, ಕ್ಷಮೆ ಕೇಳಬೇಕೆಂದು. ಅವಳಿಗೀಗ ಐವತ್ತೆಂಟು, ಕೂದಲಿಗೆ ಬಣ್ಣ ಹಚ್ಚುವುದನ್ನು ಬಿಟ್ಟಿದ್ದಳು. ನಾನು ಎಷ್ಟೋ ಕಾಲದ ಮೇಲೆ ಸುಶೀಲಾಳಿಗೆ ಫೋನ್ ಮಾಡಿ ಕೇಳಿದೆ. “ಬರ್ಲಿ” ಎಂದಳು. “ದೂರದಿಂದ ಬಂದವ್ರಿಗೆ ಬರಬೇಡಿ ಅನ್ನೂದು ಹೆಂಗೆ?”

ಅವಳ ಮನೆ ಪೇಟೆಯಾಚೆ. ಜಗುಲಿಯ ಮೇಲೆ ಮೂರು ಪ್ಲಾಸ್ಟಿಕ್ ಕುರ್ಚಿ ಹಾಕಿಟ್ಟಿದ್ದಳು. ಸ್ವಲ್ಪ ತೆಳ್ಳಗಾಗಿದ್ದಳು. ಈಗ ಅಂಗನವಾಡಿಯಲ್ಲಿ ಕೆಲಸ, ನಾಟಕ ಬಿಟ್ಟು ಬಹಳ ದಿನವಾಯಿತೆಂದಳು. ನೀರು ತಂದುಕೊಟ್ಟು ಕೂತಳು. ರೆನಾಟೆ ಕೈಗಳನ್ನು ತೊಡೆಯ ಮೇಲೆ ಜೋಡಿಸಿಕೊಂಡು, ಜರ್ಮನ್ನಿನಲ್ಲಿ ಶುರುಮಾಡಿ ನನ್ನ ಕಡೆ ನೋಡಿದಳು. ನಾನು ಬಾಯಿ ತೆರೆದೆ.

“ನೀವು ಬೇಡ ಅಕ್ಕ” ಎಂದಳು ಸುಶೀಲಾ.

ಸೊಂಟಕ್ಕೆ ಸಿಕ್ಕಿಸಿದ್ದ ಮೊಬೈಲ್ ತೆಗೆದು, ಭಾಷೆ ಬದಲಿಸಿ ಹೇಳುವ ಆ್ಯಪ್ ಹಚ್ಚಿ, ಸ್ಟೂಲಿನ ಮೇಲೆ ಇಬ್ಬರ ನಡುವೆ ಇಟ್ಟಳು. ರೆನಾಟೆಗೆ ಕೈಸನ್ನೆ ಮಾಡಿದಳು. ರೆನಾಟೆ ಬಾಗಿ ಅದಕ್ಕೆ ಹೇಳಿದಳು. ಏರಿಳಿತವಿಲ್ಲದ ಹೆಣ್ಣು ದನಿಯಲ್ಲಿ ಮೊಬೈಲ್ ಕನ್ನಡ ಆಡಿತು: “ನಾನು ನಿಮ್ಮ ಮುಖವನ್ನು ತೆಗೆದುಕೊಂಡು ಹೋದೆನು. ನಾನು ದಯವಿಟ್ಟು ಕ್ಷಮಿಸಿದ್ದೇನೆ.”

“ಅದು ಸರಿಯಾಗಿ ಹೇಳ್ತಾ ಇಲ್ಲ ಸುಶೀಲಾ” ಎಂದೆ ತಡೆಯಲಾರದೆ. “ಅವಳು ಹೇಳಿದ್ದು—”

“ಗೊತ್ತು ಅಕ್ಕ. ಇದು ತಪ್ಪು ಹೇಳ್ತದೆ. ಬೇಕಂತ ತಪ್ಪು ಹೇಳೂದಿಲ್ಲ.”

ಅಲ್ಲಿಂದ ನಾನು ಬಾಯಿ ತೆರೆಯಲಿಲ್ಲ. ಮೊದಲ ಸಲ ಮುಖ ಕಾಣುವಂತೆ ತೆಗೆದದ್ದು ಎಲ್ಲಿದೆ ಎಂದು ಸುಶೀಲಾ ಕೇಳಿದಳು. ಕಂಪನಿಯವರನ್ನು ಕೇಳಿದೆ, ಹುಡುಕಿಸಿದೆ, ಅಳಿಸಿಬಿಟ್ಟಿದ್ದಾರೆ ಎಂದಳು ರೆನಾಟೆ. ಸುಶೀಲಾ ತಲೆಯಾಡಿಸಿದಳು. ಕ್ಷಮಿಸಿದೆ ಎಂದೂ ಹೇಳಲಿಲ್ಲ, ಇಲ್ಲವೆಂದೂ ಹೇಳಲಿಲ್ಲ. ಆಮೇಲೆ ಮೊಬೈಲಿಗೆ ಹೇಳಿದಳು: “ಅವತ್ತು ನಾನು ಎಂತ ಹೇಳಿದೆ ಅಂತ ನಿಮಗೆ ಗೊತ್ತುಂಟಾ?”

ರೆನಾಟೆ ಮೊಬೈಲನ್ನು ನೋಡಿದಳು, ಆಮೇಲೆ ನನ್ನನ್ನು. “ಇಲ್ಲ. ನನಗೆ ಯಾರೂ ಹೇಳಲಿಲ್ಲ.”

ಹೌದು. ಅವಳು ಕೇಳಿರಲಿಲ್ಲ, ನಾನು ಹೇಳಿರಲಿಲ್ಲ. ಆ ಮಾತಿಗೆ ಅತ್ತು, ಆ ಮಾತಿಗೆ ಹೆದರಿ, ಅದನ್ನು ಅಳಿಸಿಹಾಕುವಷ್ಟು ದೂರ ಹೋಗಿದ್ದವಳಿಗೆ ಅದರ ಒಂದಕ್ಷರ ಗೊತ್ತಿರಲಿಲ್ಲ.

ಸುಶೀಲಾ ಕುರ್ಚಿಯನ್ನು ಹತ್ತಿರಕ್ಕೆ ಎಳೆದುಕೊಂಡಳು. ಒಂದೊಂದೇ ವಾಕ್ಯ ಹೇಳಿ, ಮೊಬೈಲ್ ಹೇಳಿ ಮುಗಿಸುವವರೆಗೆ ಕಾದು, ಮತ್ತೆ ಮುಂದಿನದನ್ನು ಹೇಳತೊಡಗಿದಳು. ಅಕ್ಕನ ಹೆಸರು ಹೇಳಿದಳು. ಊರು ಹೇಳಿದಳು. ಹಳ್ಳ ತುಂಬಿತ್ತು ಎಂದಳು. ಕಂಬಳಿಯನ್ನು ಜೋಲಿ ಕಟ್ಟಿ, ಬೊಂಬಿಗೆ ಏರಿಸಿ, ನಾಲ್ಕು ಜನ ಅಕ್ಕನನ್ನು ಹೊತ್ತೆವು ಎಂದಳು. ಮೊಬೈಲ್ ಅದನ್ನು ಜರ್ಮನ್ನಿನಲ್ಲಿ, ಮಕ್ಕಳು ಆಡುವ ಉಯ್ಯಾಲೆಯಲ್ಲಿ ಕೂರಿಸಿದೆವು ಎಂದಿತು. ರೆನಾಟೆ ಅರ್ಥವಾಗದೆ ಹುಬ್ಬು ಗಂಟಿಕ್ಕಿ ಮೊಬೈಲಿನ ಕಡೆ ಇನ್ನಷ್ಟು ಬಾಗಿದಳು. ಸರಿಯಾದ ಶಬ್ದ ನನಗೆ ಗೊತ್ತಿತ್ತು. ನನ್ನನ್ನು ಯಾರೂ ಕೇಳಲಿಲ್ಲ.